ಬಿಳಿ ಮೀಸೆಯ ಹೆಣ್ಣು

ಸೇಂಟ್ ಜಾರ್ಜ್ ದ್ವೀಪ
ಆಗಸ್ಟ್ ೭

ಪ್ರೀತಿಯ ಮಗಳು ಪಾಶಾಳಿಗೆ,

ನಿನ್ನ ಅಪ್ಪ ಸೆವೆರಿಯಾನ್ ಮಾಡುವ ಆಶೀರ್ವಾದಗಳು. ಇಲ್ಲಿ ಎಲ್ಲರೂ ಕ್ಷೇಮ. ಎಲ್ಲರೂ ಅಂದರೆ ನಾನು, ಒಲೆ ಮತ್ತು ರೇಡಿಯೋ. ಅದರಲ್ಲಿ ರೇಡಿಯೋಗೆ ಸ್ವಲ್ಪ ಕೆಮ್ಮು. ಕಾಗದ ತಡವಾದದ್ದಕ್ಕೆ ಬೇಸರ ಮಾಡಿಕೊಳ್ಳಬೇಡ. ನಮ್ಮ ವಿಮಾನದ ಠೀವಿ ನಿನಗೆ ಗೊತ್ತಲ್ಲ, ಮುನಿಸಿಕೊಂಡ ಹೊಸ ಅಳಿಯನ ಹಾಗೆ ಊರಿನ ಮೇಲೆ ಬಂದು, ಒಂದು ಸುತ್ತು ಹಾಕಿ, ಮಂಜು ನೋಡಿ, ಇಳಿಯದೆ ಹೊರಟುಹೋಗುತ್ತದೆ. ಹೋಗಲಿ, ಸುಳ್ಳು ಯಾಕೆ? ವಿಮಾನ ಬಂದಿತ್ತು, ನನಗೆ ಮಾತು ಬಂದಿರಲಿಲ್ಲ.

ನೀನು ಫೋನು ಎತ್ತುವುದಿಲ್ಲ. ನಿನ್ನ ಚಿಕ್ಕಮ್ಮ ಆಂಕರೇಜಿನಿಂದ ಫೋನು ಮಾಡಿ, "ಹುಡುಗಿ ಊಟ ಮಾಡ್ತಾಳೆ, ಮಾತಾಡಲ್ಲ" ಅಂದಳು. ಇಲ್ಲಿ ಅದರ ತಿರುವುಮುರುವು. ನಾನು ಮಾತಾಡುತ್ತೇನೆ, ಊಟ ಸೇರುವುದಿಲ್ಲ. ಆಲಾಡಿ ರೊಟ್ಟಿ ಕರಿಯಲು ಹೋಗಿ ಹಿಟ್ಟನ್ನೂ ಎಣ್ಣೆಯನ್ನೂ ಎರಡನ್ನೂ ಅವಮಾನ ಮಾಡಿದೆ. ಅವು ರೊಟ್ಟಿಯಲ್ಲ, ದೋಣಿಗೆ ತೇಪೆ ಹಾಕಬಹುದು.

ಊರಿನ ಬಾಯಲ್ಲಿ ಆ ದಿನದ ಕಥೆ ಬಣ್ಣ ತಿರುಗುತ್ತಿದೆ. ಅದಕ್ಕೇ ನನ್ನ ಕೈಯಿಂದಲೇ ಒಮ್ಮೆ ಬರೆದಿಡುತ್ತೇನೆ. ಕಡಲಂಚಿನಲ್ಲಿ ಬೇರೆಯಾಗಿ ಬಿದ್ದುಕೊಂಡಿದ್ದ ಬ್ರಹ್ಮಚಾರಿ ಸೀಲ್‌ಗಳನ್ನು ಹುಲ್ಲಿನ ಮೇಲಕ್ಕೆ ಮೆಲ್ಲಗೆ ಅಟ್ಟಿಕೊಂಡು ಬಂದಿದ್ದೆವು. ನೀನು ಓದು ಮುಗಿಸಿ ಬಂದು ಮೊದಲ ಸಲ ನಮ್ಮ ಸಾಲಿನಲ್ಲಿ ನಿಂತಿದ್ದೆ. ಎಂದಿನ ಹಾಗೆ ಕೂಗುವವನು ನಾನು. ಸಣ್ಣ ಗುಂಪೊಂದು ಎದುರಿಗೆ ಬಂದಾಗ ಯಾವುದಕ್ಕೆ "ಹೊಡಿ", ಯಾವುದಕ್ಕೆ "ಬಿಡು" ಅನ್ನುವುದು ನನ್ನ ಕೆಲಸ. ಕಪ್ಪು ಮೀಸೆಯ ಎಳೆ ಗಂಡಾದರೆ ಹೊಡಿ, ಅದೇ ಅಳತೆಯ ಮೈಗೆ ಬಿಳಿ ಮೀಸೆ ಇದ್ದರೆ ಬೆಳೆದ ಹೆಣ್ಣು, ಬಿಡು. ಸ್ಕೂಲಿನಲ್ಲಿ ಪಾಸು ಫೇಲು ಮಾಡುತ್ತಿದ್ದ ಬಾಯಿಗೆ ನಿವೃತ್ತಿಯಾದ ಮೇಲೂ ಅದೇ ಚಾಳಿ. ದೊಣ್ಣೆ ಗಾವ್ರಿಲ್ ಕೈಯಲ್ಲಿತ್ತು. ನನ್ನ ಅಕ್ಕನ ಮಗ ಅಂತ ಹೇಳುತ್ತಿಲ್ಲ, ಅವನ ತೋಳು ದೊಡ್ಡದು, ಕೋಪ ಚಿಕ್ಕದು, ನಾನು ಹೇಳದೆ ಅವನು ಸೊಳ್ಳೆಯನ್ನೂ ಹೊಡೆಯುವವನಲ್ಲ.

ಆಗ ನೀನು ಕೂಗಿದೆ. "ಅಪ್ಪಾ, ಬಿಳಿ ಮೀಸೆ! ಹೆಣ್ಣು ಅದು, ಬಿಡಿ!"

ನಾನು ಏನಂದೆ? "ಬಿಳಿ ಮೀಸೆ ಇದ್ದೋರೆಲ್ಲ ಹೆಣ್ಣಾದ್ರೆ ಮೊದ್ಲು ನನಗೊಂದು ಲಂಗ ಹೊಲಿಸ್ರಪ್ಪಾ!"

ಸಾಲಿಗೆ ಸಾಲೇ ನಕ್ಕಿತು. ಗಾವ್ರಿಲ್ ನಗುತ್ತಲೇ ದೊಣ್ಣೆ ಇಳಿಸಿದ. ಚರ್ಮ ಬಿಡಿಸುವಾಗ ಹುಲ್ಲಿನ ಮೇಲೆ ಹಾಲು ಹರಿಯಿತು.

ಕೈತಪ್ಪಿ ಬೀಳುವ ಹೆಣ್ಣುಗಳಿಗೂ ಸರ್ಕಾರದ ಒಂದು ಗಡಿ ಉಂಟಲ್ಲ. ಅಷ್ಟು ಹೆಣ್ಣು ಬಿದ್ದರೆ ಆ ವರ್ಷದ ಬೇಟೆ ಬಂದ್. ಈ ವರ್ಷದ ಗಡಿಗೆ ಅದೇ ಕೊನೆಯದಾಗಿತ್ತು. "ಯಾರ್ಗೂ ಹೇಳೋದ್ ಬೇಡ ಮೇಷ್ಟ್ರೇ, ಹಾಲು ತೊಳೆದ್ರೆ ಹೋಗತ್ತೆ" ಅಂದವನು ಗಾವ್ರಿಲ್. ಸುಮ್ಮನಿದ್ದವನು ನಾನು. ಆ ಸಂಜೆಯೇ ಬೇಟೆಯ ಲೆಕ್ಕ ಇಡುವ ಸರ್ಕಾರಿ ಕಚೇರಿಗೆ ಹೋಗಿ ಇದ್ದದ್ದನ್ನು ಇದ್ದಹಾಗೆ ಹೇಳಿದವಳು ನೀನು. ಬೇಟೆ ನಿಂತಿತು. ಊರಿನ ಫ್ರೀಜರ್ ಅರ್ಧ ಖಾಲಿ. ಚಳಿಗಾಲಕ್ಕೆ ಸೀಲ್ ಮಾಂಸವಿಲ್ಲ ಅಂದರೆ ಮುದುಕರ ಮುಖ ಹೇಗಿರುತ್ತದೆ ನಿನಗೆ ಗೊತ್ತು. ಮಾವ್ರಾ ಅಜ್ಜಿ ನಿನ್ನ ನಮಸ್ಕಾರ ತೆಗೆದುಕೊಳ್ಳದೆ ಹೋದಳು. ಊರಿನ ಸಭೆಯ ಹಜಾರದಲ್ಲಿ ಎಲ್ಲರೂ ಸೇರಿ ನನ್ನ ಮುಖ ನೋಡಿದಾಗ ನಾನೊಂದು ಮಾತು ಆಡಿದೆನಲ್ಲ, "ಸರ್ಕಾರದ ಕಿವೀನ ನನ್ನ ಅಡುಗೆಮನೇಲೇ ಸಾಕಿದ್ದೆ ಅಂತ ನನಗೇನ್ರಪ್ಪಾ ಗೊತ್ತು" ಅಂತ, ಅದು ಬರೀ ಬಿಗಿ ಸಡಿಲಿಸಲಿಕ್ಕೆ. ಜನ ನಕ್ಕರೆ ಹೊಡೆಯುವುದಿಲ್ಲ ಅನ್ನುವುದು ನನ್ನ ಹಳೆಯ ಲೆಕ್ಕ. ದ್ವೀಪದ ತುಂಬ ಸೀಲು, ಈ ಬಾಯಿಗೆ ಮಾತ್ರ ಯಾರೂ ಸೀಲು ಹಾಕಲಿಲ್ಲ.

ನೀನು ಪೆಟ್ಟಿಗೆ ಹಿಡಿದು ವಿಮಾನದ ಶೆಡ್ಡಿಗೆ ಹೋದೆ. ಮಂಜು ಕವಿದು ದಿನಗಟ್ಟಲೆ ಅಲ್ಲೇ ಕೂತಿದ್ದೆ. ನಾನು ಬರಲಿಲ್ಲ. ಮಂಡಿ ನೋವಿತ್ತು. ಅಷ್ಟಕ್ಕೂ ಬೇಟೆಯ ದಿನವೂ ಅಂಥದೇ ಮಂಜು. ಯಾರಿಗೆ ತಾನೆ ಮೀಸೆಯ ಬಣ್ಣ ಕಾಣುತ್ತಿತ್ತು ಹೇಳು?

ಇಲ್ಲಿ ಸೀಲ್‌ಗಳ ಕುತ್ತಿಗೆಯ ಬಲೆ ಬಿಡಿಸುವ ನಿನ್ನ ಕೆಲಸ ಹಾಗೇ ಬಿದ್ದಿದೆ. ಮೊನ್ನೆ ಎಳೆ ಗಂಡೊಂದು ಕುತ್ತಿಗೆಗೆ ಹಸಿರು ಬಲೆಯ ತುಂಡು ಸುತ್ತಿಕೊಂಡು ದಡಕ್ಕೆ ಬಂತು. ಪ್ರಾಣಿ ಬೆಳೆಯುತ್ತದೆ, ಬಲೆ ಬೆಳೆಯುವುದಿಲ್ಲ. ದಾರ ಮಾಂಸದೊಳಕ್ಕೆ ಇಳಿದಿತ್ತು. ನಾನೂ ಗಾವ್ರಿಲನೂ ನಿನ್ನ ಉದ್ದ ಕೋಲಿನ ಚಾಕು ಹಿಡಿದು ಹೋದೆವು. ಗಾವ್ರಿಲ್‌ನ ಪ್ಯಾಂಟು ಹರಿಯಿತು, ಬಲೆ ಹರಿಯಲಿಲ್ಲ. ಸೀಲ್ ನೀರಿಗೆ ಹೋಯಿತು. ನೀನಿದ್ದರೆ ಬಿಡಿಸುತ್ತಿದ್ದೆ.

ಕೋಪ ಇಳಿದ ಮೇಲೆ ಬಾ. ಒಳ್ಳೆಯದಾಗಲಿ.

ನಿನ್ನ ಅಪ್ಪ,
ಸೆವೆರಿಯಾನ್

ತಾ.ಕ.: ನಿನ್ನ ರಬ್ಬರ್ ಬೂಟು ಬಾಗಿಲ ಬಳಿಯೇ ಇದೆ. ಎಡವುತ್ತೇನೆ, ಎತ್ತಿಡುವುದಿಲ್ಲ.


ಸೇಂಟ್ ಜಾರ್ಜ್
ಆಗಸ್ಟ್ ೨೮

ಪಾಶಾ ಮಗಳೇ,

ನಿನ್ನ ಕಾರ್ಡು ಬಂತು. ಅಷ್ಟಗಲ ಕಾರ್ಡಿನಲ್ಲಿ ಒಂದೇ ಸಾಲು. "ಅದರ ಮರಿ ಏನಾಯ್ತು?" ನಮಸ್ಕಾರವಿಲ್ಲ, ಸಹಿಯಿಲ್ಲ. ಮೇಷ್ಟ್ರ ಮಗಳಾಗಿ ಪತ್ರಲೇಖನಕ್ಕೆ ಸೊನ್ನೆ ಅಂತ ನಗಾಡಲು ಹೊರಟೆ, ನಗು ಬರಲಿಲ್ಲ. ಕಾರ್ಡನ್ನು ಒಲೆಯ ಮೇಲಿನ ತಟ್ಟೆಗೆ ಒರಗಿಸಿ ಇಟ್ಟೆ. ಚಹಾ ಕುಡಿಯುವಾಗಲೆಲ್ಲ ಅದು ನನ್ನನ್ನು ಕೇಳುತ್ತಿತ್ತು. ಚಹಾ ಬಿಟ್ಟೆ. ಆಮೇಲೆ ಕೋಲು ಹಿಡಿದು ಉತ್ತರದ ದಡಕ್ಕೆ ಹೋಗಲು ಶುರುಮಾಡಿದೆ. ಉತ್ತರ ತಡವಾದದ್ದು ಅದಕ್ಕೆ.

ನಾನು ಹುಟ್ಟಿದ್ದೇ ಆ ದಡದ ಸೀಲ್‌ಗಳ ಸದ್ದಿನಲ್ಲಿ. ಆದರೆ ಕೂತು ಕೇಳಿದ್ದು ಈಗಲೇ. ಮೇ ತಿಂಗಳಿಂದ ಅನ್ನನೀರು ಬಿಟ್ಟು ತಂತಮ್ಮ ಅಂಗೈಯಗಲ ಕಲ್ಲನ್ನು ಕಾದ ಗಂಡುದೊರೆಗಳು ಈಗ ಚರ್ಮ ಜೋಲುಬಿದ್ದು ಕಡಲಿಗೆ ಜಾರಿಕೊಳ್ಳುತ್ತಿವೆ, ಮದುವೆ ಮುಗಿದ ಮೇಲೆ ಬಾಡಿಗೆ ಕೋಟು ವಾಪಸ್ಸು ಕೊಡಲು ಹೊರಟವರ ಹಾಗೆ. ತಾಯಂದಿರ ಓಡಾಟ ಮಾತ್ರ ನಿಂತಿಲ್ಲ. ಹಾಲೂಡಿಸಿ ಕಡಲಿಗೆ ಹೋಗುತ್ತವೆ, ವಾರವೋ ಇನ್ನೂ ಹೆಚ್ಚೋ ಕಳೆದು ಮೀನು ತಿಂದು ಮೈತುಂಬಿಕೊಂಡು ಬರುತ್ತವೆ, ಬಂದು ನೀರಂಚಿನಲ್ಲೇ ನಿಂತು ಒಂದು ಸಲ ಕೂಗುತ್ತವೆ. ಸಾವಿರ ಮರಿಗಳ ಗದ್ದಲದಲ್ಲಿ ಒಂದು ಮರಿ ತಲೆ ಎತ್ತುತ್ತದೆ. ಅದು ಕೂಗುತ್ತದೆ. ಇದು ಕೂಗುತ್ತದೆ. ಬೇರೆ ಮರಿ ಆಸೆಪಟ್ಟು ನುಸುಳಿದರೆ ತಾಯಿ ಮೂಸಿ ನೋಡಿ, ಕಚ್ಚಿ, ಅತ್ತ ಎಸೆಯುತ್ತದೆ. ನಮ್ಮಲ್ಲಿ ಅಕ್ಕಪಕ್ಕದವರು ಸಾಕುವ ಹಾಗೆ ಅವರಲ್ಲಿ ಇಲ್ಲ. ನಿನ್ನ ಅಮ್ಮ ಹೋದಾಗ ನೀನು ಮೂರು ಮನೆಯ ಸೂಪು ಕುಡಿದು ಬೆಳೆದೆ. ಸೀಲ್ ಮರಿಗೆ ಒಂದೇ ಮನೆ.

ಒಂದು ದಿನ ಗಾವ್ರಿಲ್ ನನ್ನ ಹಿಂದೆಯೇ ಬಂದು ಬಂಡೆಯ ಮರೆಯಲ್ಲಿ ಕೂತ. ಅವನ ಜೇಬಿನಲ್ಲಿ ಹಾಲಿನ ಪುಡಿಯ ಡಬ್ಬ.

"ಕಲಸಿ ಕೊಟ್ರೆ ಕುಡಿಯಲ್ವಾ ಮೇಷ್ಟ್ರೇ?"

"ಯಾವುದಕ್ಕೆ ಕೊಡ್ತೀಯೋ?"

"ಅದಕ್ಕೇ. ನಮ್ದಕ್ಕೆ."

"ನಮ್ದು ಯಾವುದು, ತೋರಿಸು."

ಅವನು ಬೆರಳು ಎತ್ತಿದ. ಆ ಬೆರಳು ಸ್ವಲ್ಪ ಹೊತ್ತು ಗಾಳಿಯಲ್ಲಿ ತಿರುಗಿತು, ಆಮೇಲೆ ಮಡಚಿಕೊಂಡಿತು. "ಮೈ ಇಳಿದಿರೋದೆಲ್ಲ ನಮ್ದೇ ಥರ ಕಾಣ್ತದೆ" ಅಂದ. ಇಳಿದು ಹೋಗಿ ಎತ್ತಿಕೊಳ್ಳೋಣವೆಂದರೆ ಇಡೀ ದಡ ಬೆದರಿ ನೀರಿಗೆ ಓಡುತ್ತದೆ, ಕಾಲಡಿಯಲ್ಲಿ ಇನ್ನೆಷ್ಟು ಮರಿ ತುಳಿತಕ್ಕೆ ಸಿಗುತ್ತವೋ. ಬೇಲಿ ಕಟ್ಟಿ ಎಲ್ಲರಿಗೂ "ಒಳಗೆ ಕಾಲಿಡಬೇಡಿ" ಅಂತ ಬೋರ್ಡು ಬರೆದವನೂ ನಾನೇ.

"ಮೊದ್ಲು ಹೀಗಿರ್ಲಿಲ್ಲ ಅಲ್ವಾ ಮೇಷ್ಟ್ರೇ? ನಾವು ಚಿಕ್ಕೋರಿದ್ದಾಗ ಈ ದಡದಲ್ಲಿ ಕಲ್ಲೇ ಕಾಣ್ತಿರ್ಲಿಲ್ಲ."

"ಈಗ ಕಾಣ್ತಿದೆ" ಅಂದೆ. ಕಾಣುತ್ತಿತ್ತು. ಮರಿಗಳ ನಡುವೆ ಬರಿಗಲ್ಲು, ವರ್ಷದಿಂದ ವರ್ಷಕ್ಕೆ ಜಾಸ್ತಿ. ಮೀನು ಕಡಿಮೆಯೋ, ಕಡಲು ಬೆಚ್ಚಗಾಯಿತೋ, ಬಲೆಯೋ, ದೊಡ್ಡವರು ವಾದ ಮಾಡುತ್ತಿದ್ದಾರೆ. ಅವರ ವಾದದಲ್ಲಿ ನನ್ನ ಲಂಗದ ಜೋಕು ಎಲ್ಲೂ ಬರುವುದಿಲ್ಲ. ಬರಬೇಕಿತ್ತು. ಹಾಲೂಡುವ ಹೆಣ್ಣು ಒಂದು ಹೋದರೆ ಆ ವರ್ಷದ ಮರಿ ಹೋಯಿತು, ಮುಂದಿನ ವರ್ಷದ್ದು ಅದರ ಹೊಟ್ಟೆಯಲ್ಲೇ ಇತ್ತು. ಇದನ್ನು ಮಕ್ಕಳಿಗೆ ಬೋರ್ಡಿನ ಮೇಲೆ ಬರೆದು ಹೇಳಿಕೊಟ್ಟವನು ನಾನು.

ನಿನ್ನ ಪ್ರಶ್ನೆಗೆ ಬರುತ್ತೇನೆ. ಸೀಳಿದ ಬಂಡೆಯ ಪಕ್ಕದಲ್ಲಿ ಒಂದು ಮರಿ ಇತ್ತು. ಪ್ರತಿ ತಾಯಿ ಕೂಗಿದಾಗಲೂ ತಲೆ ಎತ್ತುತ್ತಿತ್ತು. ಯಾವ ದನಿ ತನ್ನದು ಅಂತ ಗೊತ್ತಿರುವ ಮರಿ ಒಂದಕ್ಕೇ ಎತ್ತುತ್ತದೆ. ಇದು ಎಲ್ಲದಕ್ಕೂ ಎತ್ತುತ್ತಿತ್ತು. ಆಮೇಲೆ ಕೆಲವಕ್ಕೆ ಎತ್ತಿತು. ನಿನ್ನೆ ನರಿಗಳು ಆ ಬಂಡೆಯ ಹತ್ತಿರ ಇದ್ದವು. ಅದೇ ನಮ್ಮ ಮರಿಯೋ ಅಲ್ಲವೋ ದೇವರಿಗೆ ಗೊತ್ತು. ಅಲ್ಲ ಅನ್ನುವ ಧೈರ್ಯ ನನಗಿಲ್ಲ.

ಗಾವ್ರಿಲ್ ಹಾಲಿನ ಪುಡಿ ಡಬ್ಬವನ್ನು ನಮ್ಮ ಮನೆಯಲ್ಲೇ ಬಿಟ್ಟು ಹೋಗಿದ್ದಾನೆ. ಅದನ್ನು ಚಹಾಕ್ಕೆ ಹಾಕಿಕೊಳ್ಳಲು ನನ್ನಿಂದ ಆಗುತ್ತಿಲ್ಲ.

ಚಿಕ್ಕಮ್ಮನಿಗೆ ನೆನಪು ಹೇಳು. ದೇವರು ನಿನ್ನನ್ನು ಚೆನ್ನಾಗಿಟ್ಟಿರಲಿ.

ನಿನ್ನ ಅಪ್ಪ


ಸೇಂಟ್ ಜಾರ್ಜ್
ನವೆಂಬರ್ ೨೧

ಪ್ರೀತಿಯ ಪಾಶಾ,

ಆಶೀರ್ವಾದಗಳು. ಈ ಸಲದ ತಡಕ್ಕೆ ವಿಮಾನವನ್ನು ಬಯ್ಯುವುದಿಲ್ಲ, ಅದು ತನ್ನ ಪಾಡಿಗೆ ಬಂದು ಹೋಗುತ್ತಿತ್ತು. ಬರೆಯುವಂಥದ್ದು ಏನಾದರೂ ಮಾಡಿದ ಮೇಲೆ ಬರೆಯೋಣ ಅಂತಿದ್ದೆ. ಮಾಡಿದ್ದು ಮೊನ್ನೆ. ಅದೂ ಸರಿಯಾಗಿ ಮಾಡಲು ಬರಲಿಲ್ಲ.

ಹಜಾರದಲ್ಲಿ ಸಭೆ ಇತ್ತು, ಬರುವ ಬೇಸಿಗೆಯಲ್ಲಿ ಸಾಲಿಗೆ ಕೂಗುವವರು ಯಾರು ಅಂತ ಗೊತ್ತುಮಾಡಲು. ನಮ್ಮ ಊರಿನ ಸಭೆ ಎಂದರೆ ಗೊತ್ತಲ್ಲ, ಮೊದಲು ಕೇಕು, ಆಮೇಲೆ ಜಗಳ, ಕೊನೆಗೆ ಮತ್ತೆ ಕೇಕು. ಗಾವ್ರಿಲ್ ಎದ್ದು, "ಇದ್ರಲ್ಲಿ ಕೇಳೋದೇನಿದೆ, ನಮ್ ಮೇಷ್ಟ್ರೇ" ಅಂದ. ಎಲ್ಲರ ಕೈ ಮೇಲೆ. ನಾನು ಎದ್ದು ನಿಂತೆ. ನಾನು ಎದ್ದರೆ ಸಾಕು, ಕೆಲವರ ಮುಖ ಆಗಲೇ ಅರ್ಧ ನಗುತ್ತಿರುತ್ತದೆ.

"ನನ್ನ ಕೈಲಿ ಆಗಲ್ಲ. ಆ ಹೆಣ್ಣು ಸತ್ತಿದ್ದು ನನ್ನ ಬಾಯಿಂದ" ಅಂದೆ.

ನಕ್ಕರು.

"ಪಾಶಾ ಸರಿಯಾಗೇ ಕೂಗಿದ್ಲು. ನಾನು ಅವಳನ್ನ ಗೇಲಿ ಮಾಡಿದೆ. ಗಾವ್ರಿಲ್ ನಗ್ತಾ ನಗ್ತಾ ಹೊಡೆದ. ಮಾಂಸ ನಿಂತಿದ್ದು ಅವಳಿಂದ ಅಲ್ಲ, ನನ್ನಿಂದ."

ಇನ್ನೂ ಜೋರಾಗಿ ನಕ್ಕರು. ಹಿಂದಿನ ಬೆಂಚಿನಿಂದ ಯಾರೋ, "ಲಂಗ ಹೊಲಿಸಾಯ್ತಾ ಮೇಷ್ಟ್ರೇ?" ಅಂದರು. ಒಬ್ಬಳು ಕಣ್ಣೀರು ಒರೆಸಿಕೊಂಡಳು, ನಕ್ಕೂ ನಕ್ಕೂ. ಇಡೀ ಜೀವಮಾನ ನಗಿಸಿದವನಿಗೆ ಇದು ತಕ್ಕ ಸಂಬಳ ಅನ್ನಿಸಿತು. ನಿಜ ಹೇಳಲು ನನ್ನ ಹತ್ತಿರ ಬೇರೆ ದನಿಯೇ ಇರಲಿಲ್ಲ ನೋಡು. ಏನು ಮಾಡಬೇಕೆಂದು ತಿಳಿಯದೆ ಟೊಪ್ಪಿ ತೆಗೆದು ಕೈಯಲ್ಲಿ ಹಿಡಿದು ನಿಂತೆ. ಕೂರಲಿಲ್ಲ, ನಗಲಿಲ್ಲ. ನಗು ಬೆಂಚಿನಿಂದ ಬೆಂಚಿಗೆ ಒಂದೊಂದಾಗಿ ಆರಿತು.

ಮಾವ್ರಾ ಅಜ್ಜಿ ಮುಂದಿನ ಸಾಲಿನಿಂದ ನೋಡುತ್ತಿದ್ದಳು. "ಏ ಸೆವೆರಿಯಾನ್, ಅಳೋ ಮಾತು ಅಂತ ಮೊದ್ಲೇ ಹೇಳ್ಬಾರ್ದೇನೋ? ಮುದುಕಿ ಹಲ್ಲಿನ ಸೆಟ್ಟು ಬೀಳೋ ಹಂಗೆ ನಗಿಸ್ಬಿಟ್ಟೆ" ಅಂದಳು. ಆಮೇಲೆ, "ಆ ಮಗು ನನಗೆ ನಮಸ್ಕಾರ ಮಾಡ್ತು, ನಾನು ಗೋಡೆ ನೋಡಿದೆ" ಅಂದಳು. ಅಷ್ಟೇ ಅಂದು ಎದ್ದು ಮನೆಗೆ ಹೋದಳು. ಕೇಕು ಕೂಡ ತಿನ್ನಲಿಲ್ಲ. ಅವಳು ಕೇಕು ಬಿಟ್ಟದ್ದನ್ನು ನಾನು ಕಂಡದ್ದೇ ಇಲ್ಲ.

ಗಾವ್ರಿಲ್ ಮಾತ್ರ ಹೊರಗೆ ಬಂದ ಮೇಲೂ ನನ್ನ ಪರ ವಾದ ಬಿಡಲಿಲ್ಲ. "ಅಷ್ಟೊಂದ್ ಯಾಕ್ ಬೈಕೊಳ್ತೀರಿ ಮೇಷ್ಟ್ರೇ? ನಿಮಗೆ ಕಾಣ್ಲಿಲ್ಲ, ತಪ್ಪಾಯ್ತು. ಕಂಡಿದ್ರೆ ನೀವು ಹೇಳ್ತಿರ್ಲಿಲ್ವಾ?" ಅಂದ. ಭುಜದ ಮೇಲೆ ಕೈ ಹಾಕಿ ಮನೆತನಕ ಬಿಟ್ಟು ಹೋದ. ಒಳ್ಳೆಯವನು. ಅವನ ಒಳ್ಳೆಯತನ ಆ ಕೈಗಿಂತ ಭಾರ.

ಸಭೆ ಯಾರನ್ನೂ ಆರಿಸಲಿಲ್ಲ. ನಿನ್ನನ್ನು ಕೇಳಿ ಬರೆಯಬೇಕೆಂದು ನನಗೆ ಹೇಳಿದ್ದಾರೆ. ನೀನು ಬಂದು ಕೂಗುತ್ತೀಯಾ ಅಂತ. ಕೇಳಿದ್ದೇನೆ. ಇದು ಊರಿನ ಪ್ರಶ್ನೆ, ನನ್ನದಲ್ಲ. ನೀನು ಬಂದರೆ ನಾನು ಸಾಲಿನ ತುದಿಯಲ್ಲಿ ಸೀಲ್ ಅಟ್ಟಲು ತಗಡು ಬಡಿಯುತ್ತಾ ಬರುತ್ತೇನೆ, ಬಾಯಿ ತೆರೆಯುವುದಿಲ್ಲ. ಬಾರದಿದ್ದರೂ ನಿನ್ನ ಮೇಲೆ ನನಗೆ ಹಕ್ಕಿಲ್ಲ.

ದಡ ಖಾಲಿಯಾಗುತ್ತಿದೆ. ಮರಿಗಳೆಲ್ಲ ಕಪ್ಪು ತುಪ್ಪಳ ಉದುರಿಸಿ ಬೆಳ್ಳಿಬಣ್ಣವಾದವು. ತಾಯಂದಿರು ಮೊದಲು ಹೋದರು, ಹೇಳದೆ. ಕೆಲವು ಮರಿ ಒಂದಷ್ಟು ದಿನ ಕಾದು ನೋಡಿದವು, ಆಮೇಲೆ ಬಿರುಗಾಳಿಯ ದಿನವೇ ಆರಿಸಿಕೊಂಡು ಒಂದೊಂದಾಗಿ ಅಲೆಗೆ ಬಿದ್ದವು. ದಾರಿ ತೋರಿಸುವವರಿಲ್ಲ. ಇನ್ನು ವರ್ಷಗಟ್ಟಲೆ ಅವಕ್ಕೆ ನೆಲವಿಲ್ಲ, ನೀರಿನ ಮೇಲೇ ನಿದ್ದೆ. ಬಹಳ ಸಾಯುತ್ತವೆ. ಉಳಿದವು ತಿರುಗಿ ಬರುತ್ತವೆ, ಹುಟ್ಟಿದ ಕಲ್ಲಿಗೇ. ಯಾಕೆ ಬರುತ್ತವೆ ಅಂತ ಮಕ್ಕಳು ಕೇಳಿದಾಗ ನಾನು ಪುಸ್ತಕದ ಉತ್ತರ ಹೇಳುತ್ತಿದ್ದೆ. ಈಗ ಕೇಳಿದರೆ ಗೊತ್ತಿಲ್ಲ ಅನ್ನುತ್ತೇನೆ. ಇಲ್ಲಿ ಬರುವಂಥದ್ದು ಏನಿದೆ?

ಒಂದು ಒಳ್ಳೆಯ ಸುದ್ದಿ. ಹಸಿರು ಬಲೆಯ ಆ ಎಳೆ ಗಂಡು ಸೆಪ್ಟೆಂಬರಿನಲ್ಲಿ ಮತ್ತೆ ಬಂದಿತ್ತು. ಈ ಸಲ ಗಾವ್ರಿಲ್ ಹಲಗೆ ಅಡ್ಡ ಹಿಡಿದ, ನಾನು ಹೊಟ್ಟೆಯ ಮೇಲೆ ತೆವಳಿ ಹೋಗಿ ನಿನ್ನ ಚಾಕು ಹಾಕಿದೆ. ಕಡಿಯಿತು. ಅದು ಥ್ಯಾಂಕ್ಸು ಹೇಳಲಿಲ್ಲ, ನನ್ನ ತೋಳಿನ ಮೇಲೆ ಒಂದು ಕಚ್ಚು ಬರೆದು ಹೋಯಿತು. ಗಾಯ ಒಣಗಿದೆ, ಗುರುತು ಉಳಿದಿದೆ, ಇರಲಿ.

ಈ ಕಾಗದದ ಜೊತೆ ಒಂದು ಡಬ್ಬ ಬರುತ್ತದೆ. ಮಾವ್ರಾ ಅಜ್ಜಿ ತನ್ನ ಪಾಲಿಗೆ ಸಿಕ್ಕಷ್ಟರಲ್ಲೇ ಉಪ್ಪಿಗೆ ಹಾಕಿ ಹುಳಿಬರಿಸಿದ ಸೀಲ್ ಈಜುಗಾಲು. "ಪಾಶಾಗೆ ಕಳ್ಸು, ಇನ್ನೇನೂ ಹೇಳ್ಬೇಡ" ಅಂದಳು, ಅದಕ್ಕೇ ಹೇಳುತ್ತಿದ್ದೇನೆ. ಮುಚ್ಚಳ ತೆಗೆಯುವ ಮೊದಲು ಚಿಕ್ಕಮ್ಮನ ಕಿಟಕಿ ತೆಗೆ, ಇಲ್ಲವಾದರೆ ಅಕ್ಕಪಕ್ಕದ ಮನೆಯವರು ಪೊಲೀಸರನ್ನು ಕರೆಯುತ್ತಾರೆ. ಪೆಟ್ಟಿಗೆಗೆ, ಕಡಲಿಗೆ ಬಿದ್ದು ಸೀಲ್ ಕುತ್ತಿಗೆ ಸೇರುವಂಥ ಪ್ಲಾಸ್ಟಿಕ್ ಪಟ್ಟಿ ಸುತ್ತಿಲ್ಲ. ಹತ್ತಿದಾರ ಕಟ್ಟಿದ್ದೇನೆ, ನೀನು ಬಿಚ್ಚಿದ ಮೇಲೆ ಅದನ್ನೂ ಕತ್ತರಿಸಿ ಹಾಕುತ್ತೀಯೆಂದು ಗೊತ್ತು.

ಬೆಚ್ಚಗಿರು ಮಗಳೇ. ನಿನ್ನ ಅಮ್ಮನ ಹಸ್ತ ನಿನ್ನ ತಲೆಯ ಮೇಲಿರಲಿ. ನನ್ನದನ್ನು ಇಡಲು ಈಗ ಸಂಕೋಚ.

ನಿನ್ನ ಅಪ್ಪ,
ಸೆವೆರಿಯಾನ್

ತಾ.ಕ.: ಲಕೋಟೆ ಅಂಟಿಸಿ ಆಗಿತ್ತು. ಬಿಡಿಸಿ ಬರೆಯುತ್ತಿದ್ದೇನೆ.

ಆ ದಿನ ಮಂಜಿರಲಿಲ್ಲ, ಪಾಶಾ. ನಿನಗೂ ಗೊತ್ತು. ನೀನು ಅದನ್ನು ಎತ್ತಿ ಆಡಲಿಲ್ಲ, ಮೊದಲ ಕಾಗದಕ್ಕೂ ಅದನ್ನು ಬಿಟ್ಟು ಮರಿಯ ಮಾತು ಮಾತ್ರ ಕೇಳಿದೆ. ಹಜಾರದಲ್ಲಿ ನಾನು ಹೇಳಿದ್ದು ಅರ್ಧ. ಆ ಮೀಸೆ ನನಗೆ ಕಂಡಿತ್ತು. ಸಣ್ಣ ಮೈ, ಬಿಳಿ ಮೀಸೆ, ಹೆಣ್ಣು, ಅದಕ್ಕೆ ಕನ್ನಡಕವೂ ಬೇಡ. ನೀನು ನೋಡುವ ಮೊದಲೇ ನಾನು ನೋಡಿದ್ದೆ. ಆದರೆ ನಾನು ಬಾಯಿ ತೆರೆಯುವಷ್ಟರಲ್ಲಿ ನೀನು ಕೂಗಿಬಿಟ್ಟೆ. ಎಲ್ಲರೂ ನಿನ್ನ ಕಡೆ ತಿರುಗಿದರು. ಗಾವ್ರಿಲ್ ಕೂಡ ದೊಣ್ಣೆ ತಡೆದು ನಿನ್ನನ್ನು ನೋಡಿದ. ಆಮೇಲೆ ನಾನು ಹೇಳಿದರೆ ಅದು ನಿನ್ನ ಮಾತಿಗೆ ನನ್ನ ಹೂಂಗುಟ್ಟುವಿಕೆ ಆಗುತ್ತಿತ್ತು. ಅಷ್ಟೇ ಕಾರಣ. ಇದಕ್ಕಿಂತ ದೊಡ್ಡದು ಹುಡುಕಿದೆ, ಸಿಗಲಿಲ್ಲ.

"ಬಿಡು" ಎಂಬುದು ನನ್ನ ನಾಲಗೆಯ ಮೇಲೆ ಬಂದಿತ್ತು, ಮಗಳೇ. ಅದನ್ನು ನುಂಗಿ ಜೋಕು ಹೇಳಿದೆ.